ಮೂವತ್ತಕ್ಕೇ ಬಿಳಿ ಮೀಸೆ

ನಾನು ಮೊದಲ ಸಲ ಮಗಳನ್ನು ಧಾರೆ ಎರೆದು ಕೊಟ್ಟಾಗ ನನಗೆ 29 ವರ್ಷ. ಮದುಮಗಳಿಗೆ 27. ಮದುಮಗನಾಗಿದ್ದ ನಾಯಕನಟರು ನನಗಿಂತ ಆರೇಳು ವರ್ಷ ದೊಡ್ಡವರು. ಕ್ಯಾಮೆರಾ ಓಡುವಾಗ ಅವರು ನನ್ನ ಕಾಲಿಗೆ ನಮಸ್ಕಾರ ಮಾಡುತ್ತಿದ್ದರು, ಕಟ್ ಅಂದ ಕೂಡಲೇ ನಾನು ಎದ್ದು ನಿಂತು ಅವರಿಗೆ ಕುರ್ಚಿ ಬಿಡುತ್ತಿದ್ದೆ. 1984ರ ಮಾತು, ಕಂಠೀರವ ಸ್ಟುಡಿಯೊದಲ್ಲಿ ಹಾಕಿದ್ದ ಮದುವೆ ಮನೆ ಸೆಟ್ಟು. ಮೇಕಪ್‌ನವರು ನನ್ನ ಕಪ್ಪು ಕೂದಲಿಗೆ ಬಿಳಿ ಬಳಿದು, ಸ್ಪಿರಿಟ್ ಗಮ್ ಹಚ್ಚಿ ಬಿಳಿ ಮೀಸೆ ಅಂಟಿಸಿ, “ಜಾಸ್ತಿ ನಗಬೇಡಿ ಸಾರ್, ಅಂಚು ಬಿಟ್ಕೊಳ್ಳುತ್ತೆ” ಅಂದರು. ಅವತ್ತಿನಿಂದ ನಾನು ಅಪ್ಪ. ನಾಯಕನ ಅಪ್ಪ, ನಾಯಕಿಯ ಅಪ್ಪ, ಖಳನ ಕೈಲಿ ಸಿಕ್ಕಿಬಿದ್ದ ಬಡವನ ಅಪ್ಪ, ಸಾಲ ತೀರಿಸಲಾರದ ಅಪ್ಪ. ಈಗೀಗ ತಾತ.

ಆಗ ನಾನು ಜಾಲಹಳ್ಳಿಯ ಎಚ್‌ಎಂಟಿ ಕೈಗಡಿಯಾರ ಕಾರ್ಖಾನೆಯಲ್ಲಿದ್ದೆ. ಜಪಾನಿನ ಸಿಟಿಜನ್ ಕಂಪನಿಯ ಸಹಯೋಗದಲ್ಲಿ 1961ರಲ್ಲಿ ಶುರುವಾದ ಕಾರ್ಖಾನೆ. ಕಣ್ಣಿಗೆ ಲೆನ್ಸ್ ಸಿಕ್ಕಿಸಿಕೊಂಡು, ಚಿಮಟದಲ್ಲಿ ಸಣ್ಣ ಚಕ್ರ ಹಿಡಿದು, ಉಸಿರು ಬಿಗಿಹಿಡಿದು ಅದರ ಜಾಗದಲ್ಲಿ ಕೂರಿಸುವುದು ನನ್ನ ಕೆಲಸ. ಶಿಫ್ಟ್ ಮುಗಿದ ಮೇಲೆ ಬಸ್ಸು ಹಿಡಿದು ರವೀಂದ್ರ ಕಲಾಕ್ಷೇತ್ರಕ್ಕೆ. ಆ ಕಾಲದ ಬೆಂಗಳೂರಿನ ಹವ್ಯಾಸಿ ರಂಗಭೂಮಿಯ ತುಂಬ ನಮ್ಮಂಥವರೇ ಇದ್ದರು. ಐಟಿಐ ಟೆಲಿಫೋನ್ ಕಾರ್ಖಾನೆಯವರು, ಬಿಇಎಲ್‌ನವರು, ಎಚ್‌ಎಎಲ್‌ನವರು, ಸರ್ಕಾರದ ಲೆಕ್ಕಪತ್ರ ನೋಡುವ ಏಜೀಸ್ ಆಫೀಸಿನವರು, ಬ್ಯಾಂಕಿನವರು. ಹಗಲಿಗೆ ಸಂಬಳ, ರಾತ್ರಿಗೆ ತಾಲೀಮು. ತಿಂಗಳ ಸಂಬಳವೊಂದು ಇದ್ದದ್ದರಿಂದಲೇ ನಮಗೆ ಬೇಡವಾದ ನಾಟಕಕ್ಕೆ ಬೇಡ ಅನ್ನುವ ಧೈರ್ಯವಿತ್ತು. ಇದನ್ನು ಹೊಸ ಹುಡುಗರಿಗೆ ನಾನು ಮತ್ತೆ ಮತ್ತೆ ಹೇಳುತ್ತೇನೆ.

ರಂಗದ ಮೇಲೆ ವಯಸ್ಸೆಂಬುದು ಯಾರ ಸ್ವತ್ತೂ ಅಲ್ಲ. ಇಪ್ಪತ್ತೆರಡರ ಹುಡುಗ ಧೃತರಾಷ್ಟ್ರನಾಗುತ್ತಾನೆ, ಮುಂದಿನ ತಿಂಗಳು ಅವನೇ ಉತ್ತರಕುಮಾರ. ಸಿನಿಮಾದಲ್ಲಿ ಹಾಗಿಲ್ಲ. ನಾಟಕವೊಂದರಲ್ಲಿ ನನ್ನ ಮುದುಕನ ಪಾತ್ರ ನೋಡಿ ಒಬ್ಬ ಕೋ-ಡೈರೆಕ್ಟರ್ ಕರೆದುಕೊಂಡು ಹೋದರು. ಆ ಚಿತ್ರದ ಫೋಟೊಗಳು ನನ್ನ ಆಲ್ಬಮ್ಮಿಗೆ ಸೇರಿದವು. ಗಾಂಧಿನಗರದ ಆಫೀಸುಗಳಲ್ಲಿ ಆ ಆಲ್ಬಮ್ ತೆರೆದವರಿಗೆಲ್ಲ ಕಂಡದ್ದು ಬಿಳಿ ಮೀಸೆಯ ಅಪ್ಪ. ದುಡ್ಡು ಹಾಕುವವರು ಒಮ್ಮೆ ನಡೆದದ್ದನ್ನೇ ಮತ್ತೆ ಕೇಳುತ್ತಾರೆ. ಮೊದಮೊದಲು ನನಗೆ ಬೇಜಾರಾಗುತ್ತಿತ್ತು. ನಮ್ಮ ಹಿರಿಯರನ್ನು ಗಮನಿಸಿ ನೋಡತೊಡಗಿದ ಮೇಲೆ ಆ ಬೇಜಾರು ಹೋಯಿತು.

ಪಂಡರಿಬಾಯಿ ಅವರು 1954ರಲ್ಲಿ ರಾಜ್‌ಕುಮಾರ್ ಅವರಿಗೆ ನಾಯಕಿ, ಬೇಡರ ಕಣ್ಣಪ್ಪನ ಹೆಂಡತಿ. ಮುಂದೆ ಅದೇ ರಾಜ್‌ಕುಮಾರ್ ಅವರಿಗೆ ತಾಯಿಯಾಗಿ ಬಂದರು. ಕೆ.ಎಸ್. ಅಶ್ವಥ್ ಹುಟ್ಟಿದ್ದು 1925ರಲ್ಲಿ, ರಾಜ್‌ಕುಮಾರ್ 1929ರಲ್ಲಿ. ನಡುವೆ ನಾಲ್ಕೇ ವರ್ಷ. ಆದರೂ ತೆರೆಯ ಮೇಲೆ ಒಬ್ಬರು ಮನೆಯ ಹಿರಿಯರು, ಇನ್ನೊಬ್ಬರು ಯುವಕ. ‘ನಾಗರಹಾವು’ ಚಿತ್ರದ ಚಾಮಯ್ಯ ಮೇಷ್ಟ್ರಾದಾಗ, ಅಂದರೆ 1972ರಲ್ಲಿ, ಅಶ್ವಥ್ ಅವರಿಗೆ 47 ವರ್ಷ. ಇವತ್ತಿಗೂ ಜನ ಅವರನ್ನು ಮೇಷ್ಟ್ರೆಂದೇ ನೆನೆಯುತ್ತಾರೆ. ರಾಜ್ಯ ಸರ್ಕಾರ ಕೊಡುವ ಅತ್ಯುತ್ತಮ ಪೋಷಕ ನಟ ಪ್ರಶಸ್ತಿಗೆ ಈಗ ಅವರ ಹೆಸರೇ ಇದೆ. ಅಶ್ವಥ್ ಅವರನ್ನು ನೋಡುತ್ತ ನನಗೆ ಹೊಳೆದದ್ದು ಒಂದು ಸಂಗತಿ. ಅವರು ಬಾಯಿ ತೆರೆಯುವ ಮೊದಲೇ ಈ ಮನುಷ್ಯ ಹೊಟ್ಟೆಪಾಡಿಗೆ ಏನು ಮಾಡುತ್ತಾನೆ ಅನ್ನುವುದು ಗೊತ್ತಾಗಿಬಿಡುತ್ತಿತ್ತು. ಮೇಷ್ಟ್ರೋ, ಜಮೀನ್ದಾರನೋ, ಗುಮಾಸ್ತನೋ. ನಿಂತ ಭಂಗಿಯಲ್ಲೇ ಅದು ಇರುತ್ತಿತ್ತು.

ನನಗೆ ಸಿಗುತ್ತಿದ್ದ ಡೈಲಾಗ್ ಹಾಳೆಗಳಲ್ಲಿ ಅಪ್ಪನಿಗೆ ಕಸುಬೇ ಇರುತ್ತಿರಲಿಲ್ಲ. ‘ತಂದೆ: ಸಿಟ್ಟಿನಿಂದ’, ‘ತಂದೆ: ಕಣ್ಣೀರು ಒರೆಸಿಕೊಳ್ಳುತ್ತಾ’. ಅಷ್ಟೇ. ನಾಯಕ ಇಂಜಿನಿಯರ್, ನಾಯಕಿ ಕಾಲೇಜು ವಿದ್ಯಾರ್ಥಿನಿ, ಖಳ ರಿಯಲ್ ಎಸ್ಟೇಟ್. ಅಪ್ಪ ಮಾತ್ರ ಬರೀ ಅಪ್ಪ, ಹುಟ್ಟಿದಾಗಿನಿಂದ ನಡುಮನೆಯಲ್ಲೇ ನಿಂತವನು. ನಾಲ್ಕೈದು ಚಿತ್ರ ಹೀಗೇ ಆದ ಮೇಲೆ ನಾನು ಒಂದು ಪದ್ಧತಿ ಇಟ್ಟುಕೊಂಡೆ. ಅವರು ಬರೆಯಲಿ ಬಿಡಲಿ, ಈ ಅಪ್ಪ ಮೂವತ್ತು ವರ್ಷ ಏನು ಕೆಲಸ ಮಾಡಿದ ಅನ್ನುವುದನ್ನು ನಾನೇ ನಿರ್ಧರಿಸುವುದು. ಆ ಕಸುಬಿನವರ ಹತ್ತಿರ ಹೋಗಿ ಕೂರುವುದು. ಅವರ ಕೈಯನ್ನು ನೋಡುವುದು.

ಒಬ್ಬ ಅಪ್ಪನನ್ನು ಟೈಲರ್ ಮಾಡಿದೆ. ಕೆಟ್ಟ ದಾರಿ ಹಿಡಿದ ಮಗ ರಾತ್ರಿ ಮನೆಗೆ ಬರುತ್ತಾನೆ, ಅಪ್ಪ ಬೈಯುತ್ತಾನೆ, ಇದು ದೃಶ್ಯ. ಬೈಯುತ್ತ ಬೈಯುತ್ತಲೇ ನನ್ನ ಬೆರಳು ಮಗನ ಅಂಗಿಯ ಕಾಲರಿನ ಹೊಲಿಗೆ ಬಿಟ್ಟ ಜಾಗಕ್ಕೆ ಹೋಯಿತು. ಡೈರೆಕ್ಟರು ಕಟ್ ಹೇಳದೆ ಹಾಗೇ ಓಡಿಸಿದರು. ಇನ್ನೊಬ್ಬ ಅಪ್ಪ ರಿಟೈರ್ಡ್ ಕಂಡಕ್ಟರ್. ಅವನು ಮನೆಯಲ್ಲೂ ಬಾಗಿಲ ಚೌಕಟ್ಟಿಗೆ ಸೊಂಟ ಒರಗಿಸಿ, ಕಾಲು ಅಗಲಿಸಿ ನಿಲ್ಲುತ್ತಾನೆ. ದುಡ್ಡು ಕೊಡುವಾಗ ನೋಟನ್ನು ಉದ್ದಕ್ಕೆ ಮಡಚಿ ಬೆರಳ ಸಂದಿಯಿಂದ ಎಳೆದು ಕೊಡುತ್ತಾನೆ. ಚಿತ್ರ ನೋಡಿದ ಯಾರೂ ಅದನ್ನು ಗುರುತಿಸಿ ಹೇಳಲಿಲ್ಲ. ಆದರೆ ಒಂದು ಸಲ ಮೆಜೆಸ್ಟಿಕ್ಕಿನಲ್ಲಿ ಒಬ್ಬ ಕಂಡಕ್ಟರ್ ಟಿಕೆಟ್ಟಿನ ದುಡ್ಡು ತೆಗೆದುಕೊಳ್ಳದೆ, “ನೀವು ನಮ್ಮೋರು ಸಾರ್, ಕೂತ್ಕೊಳ್ಳಿ” ಅಂದರು. ನಾನು ಬಲವಂತವಾಗಿ ಟಿಕೆಟ್ ತೆಗೆದುಕೊಂಡೆ. ಪ್ರಶಸ್ತಿ ಬಂದಿದ್ದರೂ ಅಷ್ಟು ಖುಷಿಯಾಗುತ್ತಿರಲಿಲ್ಲ.

ನೇಕಾರ ಅಪ್ಪನ ಕತೆ ಸ್ವಲ್ಪ ಉದ್ದ. ಪಾತ್ರಕ್ಕೆ ಕಸುಬು ಬರೆದಿದ್ದ ಅಪರೂಪದ ಸ್ಕ್ರಿಪ್ಟ್ ಅದು: ವಿದ್ಯುತ್ ಮಗ್ಗದ ನೇಕಾರ. ದೊಡ್ಡಬಳ್ಳಾಪುರಕ್ಕೆ ಹೋದೆ. ಒಂದು ಶೆಡ್ಡಿನೊಳಗೆ ಕಾಲಿಟ್ಟರೆ ಮಗ್ಗಗಳ ಸದ್ದಿಗೆ ನನ್ನ ಮಾತು ನನಗೇ ಕೇಳುತ್ತಿರಲಿಲ್ಲ. ಅಲ್ಲಿನವರು ಮಾತ್ರ ಆರಾಮಾಗಿ ಮಾತಾಡಿಕೊಳ್ಳುತ್ತಿದ್ದರು. ನೋಡುತ್ತಾ ಕೂತ ಮೇಲೆ ಗೊತ್ತಾಯಿತು, ಅವರು ಒಬ್ಬರ ಕಣ್ಣನ್ನು ಒಬ್ಬರು ನೋಡುತ್ತಿರಲಿಲ್ಲ, ತುಟಿಯನ್ನು ನೋಡುತ್ತಿದ್ದರು. ಮನೆಗೆ ಬಂದ ಮೇಲೂ ಹಾಗೇ. ದನಿಯೂ ಅಷ್ಟೇ, ಪಕ್ಕದಲ್ಲಿ ಕೂತವರಿಗೂ ಎತ್ತರದ ದನಿ. ನನಗೆ ತಕ್ಷಣ ನೆನಪಾದದ್ದು ಟಿ.ಎನ್. ಬಾಲಕೃಷ್ಣ. ಅವರಿಗೆ ಕಿವಿ ಸರಿಯಾಗಿ ಕೇಳಿಸುತ್ತಿರಲಿಲ್ಲ. ಎದುರಿನ ನಟರ ತುಟಿ ನೋಡಿಕೊಂಡೇ ಮಾತಿಗೆ ಮಾತು ಜೋಡಿಸುತ್ತಿದ್ದರು, ಆ ಟೈಮಿಂಗ್ ಕಿವಿ ಚೆನ್ನಾಗಿದ್ದವರಿಗೂ ಕಷ್ಟ. ನೂರಾರು ಚಿತ್ರಗಳ ಉದ್ದಕ್ಕೂ ಹಾಗೆ ಮಾಡಿದ ಮನುಷ್ಯ. ನಾನು ಆ ಚಿತ್ರದಲ್ಲಿ ಮಗನ ತುಟಿ ನೋಡುತ್ತಾ ಮಾತಾಡಿದೆ, ಜೋರಾಗಿ ಮಾತಾಡಿದೆ. ನಾಯಕನಟ ಮೊದಲ ರಿಹರ್ಸಲ್ಲಿನಲ್ಲೇ ನಿಲ್ಲಿಸಿ, “ಸಾರ್, ಯಾಕೆ ನನ್ನ ಬಾಯಿ ನೋಡ್ತಿದ್ದೀರಿ?” ಅಂತ ಕೇಳಿದರು. ಹೇಳಿದೆ. ಅವರಿಗೆ ಎಷ್ಟು ಹಿಡಿಸಿತೆಂದರೆ, ಅಪ್ಪನಿಗೆ ಸುಳ್ಳು ಹೇಳುವ ದೃಶ್ಯದಲ್ಲಿ ಅವರು ಮುಖ ತಿರುಗಿಸಿ ಮಾತಾಡಿದರು, ಅಪ್ಪನಿಗೆ ತುಟಿ ಕಾಣದ ಹಾಗೆ. ಇಬ್ಬರು ನಟರ ನಡುವೆ ಇಂಥದ್ದು ಆಗುವುದು ತೀರ ಕಡಿಮೆ. ಆ ದಿನವನ್ನು ನಾನು ಇವತ್ತಿಗೂ ಎದೆಗೆ ಹಚ್ಚಿಕೊಂಡಿದ್ದೇನೆ.

ಚಿತ್ರ ಬಿಡುಗಡೆಯಾಯಿತು. ಥಿಯೇಟರಿನಲ್ಲಿ ಕೂತೆ. ತೆರೆಯ ಮೇಲಿನ ನೇಕಾರ ಮೆಲ್ಲಗೆ, ಗಂಭೀರವಾಗಿ ಮಾತಾಡಿದ. ದನಿ ನನ್ನದಾಗಿರಲಿಲ್ಲ.

ಆಗಿನ ಚಿತ್ರಗಳಲ್ಲಿ ಸೆಟ್ಟಿನ ಮಾತು ಉಳಿಯುತ್ತಿರಲಿಲ್ಲ. ಕ್ಯಾಮೆರಾದ ಸದ್ದು, ಜನರೇಟರಿನ ಸದ್ದು, ಪಕ್ಕದಲ್ಲಿ ಪ್ರಾಂಪ್ಟ್ ಮಾಡುವವರ ಸದ್ದು, ಎಲ್ಲ ಸೇರಿದ ಪೈಲಟ್ ಟ್ರ್ಯಾಕ್ ಬರೀ ಗುರುತಿಗೆ. ಮಾತೆಲ್ಲ ಆಮೇಲೆ ಡಬ್ಬಿಂಗ್ ಥಿಯೇಟರಿನಲ್ಲಿ, ಮದ್ರಾಸಿನಲ್ಲೋ ಬೆಂಗಳೂರಿನ ಚಾಮುಂಡೇಶ್ವರಿ ಸ್ಟುಡಿಯೊದಲ್ಲೋ. ಫಿಲಮ್ಮಿನ ಒಂದು ತುಂಡನ್ನು ತಲೆಗೆ ಬಾಲ ಅಂಟಿಸಿ ಲೂಪ್ ಮಾಡಿ ಓಡಿಸುತ್ತಿದ್ದರು. ಅದೇ ಎರಡು ವಾಕ್ಯ ತೆರೆಯ ಮೇಲೆ ಮತ್ತೆ ಮತ್ತೆ ಬರುತ್ತಿರುತ್ತದೆ, ತುಟಿಗೆ ಕೂರುವವರೆಗೂ ಹೇಳುತ್ತಿರಬೇಕು. ಒಂದು ಅಕ್ಷರ ಮುಂಚೆ ಹೋದರೂ ಮತ್ತೆ. ಆವತ್ತು ಸೆಟ್ಟಿನಲ್ಲಿ ಬಂದ ಅಳು, ತಿಂಗಳುಗಳಾದ ಮೇಲೆ ಕತ್ತಲೆ ಕೋಣೆಯಲ್ಲಿ ಮೈಕಿನ ಮುಂದೆ ಒಬ್ಬನೇ ನಿಂತು ಮತ್ತೆ ಬರಬೇಕು. ನಟನೆಯ ಅರ್ಧ ಇರುವುದು ಅಲ್ಲೇ ಎಂದು ನಾನು ನಂಬಿದ್ದೇನೆ. ನಾಯಕರಿಗಾದರೆ ಕಾಯುತ್ತಾರೆ. ಪೋಷಕ ಪಾತ್ರಗಳಿಗೆ ಬಿಡುಗಡೆಯ ಅವಸರದಲ್ಲಿ ಯಾರೋ ಒಬ್ಬ ಡಬ್ಬಿಂಗ್ ಕಲಾವಿದರನ್ನು ಕರೆದು, ಮೂರು ನಾಲ್ಕು ಮುದುಕರಿಗೆ ಒಂದೇ ದಿನ ದನಿ ಕೊಡಿಸಿ ಮುಗಿಸುತ್ತಾರೆ. ಆ ಕಲಾವಿದರ ಮೇಲೆ ನನಗೆ ದೂರಿಲ್ಲ, ಅವರದೂ ದಿನದ ಕೂಲಿ. ಆದರೆ ದೊಡ್ಡಬಳ್ಳಾಪುರದ ಆ ದನಿ ಹೋಯಿತು. ಅಂದಿನಿಂದ ಯಾವ ಚಿತ್ರ ಒಪ್ಪುವಾಗಲೂ ಸಂಭಾವನೆಗಿಂತ ಮೊದಲು “ಡಬ್ಬಿಂಗ್ ನಾನೇ ಮಾಡ್ತೀನಿ” ಅನ್ನುವ ಮಾತನ್ನು ಹೇಳಿಬಿಡುತ್ತೇನೆ.

ಕ್ಯಾಮೆರಾದ ಮುಂದಿನ ಶಿಸ್ತು ನನಗೆ ಬಂದದ್ದು ಫಿಲಮ್ಮಿನ ಬೆಲೆಯಿಂದ. 35 ಎಂಎಂ ಫಿಲಂ ನಿಮಿಷಕ್ಕೆ 90 ಅಡಿ ಓಡುತ್ತದೆ. 400 ಅಡಿಯ ರೋಲ್ ಅಂದರೆ ನಾಲ್ಕೂವರೆ ನಿಮಿಷವೂ ಇಲ್ಲ. ನಾಯಕರಿಗೆ ಆರು ಟೇಕ್ ಸಿಗಬಹುದು, ಅಪ್ಪನಿಗೆ ಒಂದು, ಬಹಳ ಎಂದರೆ ಎರಡು. ಎನ್‌ಜಿ, ಅಂದರೆ ಟೇಕ್ ಕೆಟ್ಟುಹೋದರೆ, ಮ್ಯಾನೇಜರ್ ಮುಖ ನೋಡುವ ಹಾಗಿರುತ್ತಿರಲಿಲ್ಲ. ನೆಲದ ಮೇಲೆ ಹಾಕಿದ ಮಾರ್ಕನ್ನು ನೋಡದೆ ಅದರ ಮೇಲೆ ಬಂದು ನಿಲ್ಲಬೇಕು. ನಾಟಕದ ಕೊನೇ ಸಾಲಿಗೆ ಮುಟ್ಟಿಸುತ್ತಿದ್ದ ದನಿಯನ್ನೂ ಕೈಯನ್ನೂ ಒಳಗೆ ಎಳೆದುಕೊಳ್ಳಬೇಕು. ಗಡಿಯಾರದ ಕೆಲಸದಲ್ಲಿ ಕಲಿತ ಉಸಿರು ಹಿಡಿಯುವ ಅಭ್ಯಾಸ ಕ್ಲೋಸಪ್ಪಿನಲ್ಲಿ ನನಗೆ ಬಹಳ ಉಪಯೋಗಕ್ಕೆ ಬಂತು.

ನಮ್ಮಂಥವರ ಪಾಲಿಗೆ ಹೆಚ್ಚು ಬರುವುದು ಸಜೆಷನ್ ಶಾಟ್. ನನ್ನ ಹೆಗಲು, ಕಿವಿ ಮುಂದೆ, ನಾಯಕರ ಮುಖ ಎದುರಿಗೆ. ಕಾಣದ ಮುಖದಿಂದಲೂ ಪೂರ್ತಿ ಅಭಿನಯಿಸಬೇಕು, ಇಲ್ಲದಿದ್ದರೆ ಅವರ ಮುಖದಲ್ಲಿ ಏನೂ ಹುಟ್ಟುವುದಿಲ್ಲ. ಆಮೇಲೆ ಕ್ಯಾಮೆರಾ ತಿರುಗಿ ನನ್ನ ಕ್ಲೋಸಪ್ ಬಂದಾಗ ಬಹಳ ಸಲ ಎದುರಿಗೆ ಯಾರೂ ಇರುವುದಿಲ್ಲ. ಅಸಿಸ್ಟೆಂಟ್ ಹುಡುಗ ಕ್ಯಾಮೆರಾದ ಪಕ್ಕದಲ್ಲಿ ಮುಷ್ಟಿ ಹಿಡಿದು, “ಸಾರ್, ಲುಕ್ ಇಲ್ಲಿ” ಅನ್ನುತ್ತಾನೆ. ಆ ಮುಷ್ಟಿಯನ್ನು ಮಗ ಎಂದುಕೊಂಡು ಅಳಬೇಕು. ನನ್ನ ಕ್ಲೋಸಪ್ ಮುಗಿಯುವವರೆಗೆ ಬಿಸಿಲಲ್ಲಿ ನಿಂತು ಮಾತು ಕೊಟ್ಟ ನಾಯಕರೂ ಇದ್ದರು, ಕೆಲವರು. ಅವರಿಗೆ ನಾನು ಯಾವಾಗಲೂ ಋಣಿ.

ಸಣ್ಣ ಪಾತ್ರ ಎಷ್ಟು ಕಾಲ ಬದುಕಬಲ್ಲದು ಅನ್ನುವುದಕ್ಕೆ ನಮ್ಮಲ್ಲಿ ಎಲ್ಲರೂ ಹೇಳುವ ಹೆಸರು ಲೋಕನಾಥ್. 1974ರ ‘ಭೂತಯ್ಯನ ಮಗ ಅಯ್ಯು’ ಚಿತ್ರದ ಉಪ್ಪಿನಕಾಯಿ ಪ್ರಸಂಗ. 2018ರ ಕೊನೆಯ ದಿನ ಅವರು ತೀರಿಕೊಳ್ಳುವವರೆಗೂ, ಆಮೇಲೂ, ಅವರ ಹೆಸರಿನ ಜೊತೆ ಉಪ್ಪಿನಕಾಯಿ ಅಂಟಿಕೊಂಡೇ ಇತ್ತು. ಆ ದೃಶ್ಯವನ್ನು ನಾನು ಪಾಠದ ಹಾಗೆ ಎಷ್ಟೋ ಸಲ ನೋಡಿದ್ದೇನೆ. ಅಲ್ಲಿ ಕಾಣುವುದು ಒಬ್ಬ ಮನುಷ್ಯನ ನಾಲಗೆಯ ಆಸೆ ಮಾತ್ರ, ನಗಿಸಬೇಕೆಂಬ ಹಟ ಒಂದಿಷ್ಟೂ ಇಲ್ಲ.

ಟಿವಿ ನಮ್ಮ ಬದುಕಿಗೆ ಬಂದದ್ದು ದೂರದರ್ಶನದ ಮೂಲಕ. ವಾರಕ್ಕೊಂದು ಕಂತು, ಹೆಚ್ಚಾಗಿ 13 ಕಂತು. ಸ್ಕ್ರಿಪ್ಟ್ ಮೊದಲೇ ಮಂಜೂರಾಗಿರುತ್ತಿತ್ತು, ಅಪ್ಪ ಕೊನೆಯಲ್ಲಿ ಏನಾಗುತ್ತಾನೆ ಅನ್ನುವುದು ಮೊದಲ ದಿನವೇ ಗೊತ್ತಿರುತ್ತಿತ್ತು. 1994ರಲ್ಲಿ ಉದಯ ಟಿವಿ ಶುರುವಾಯಿತು, 2000ದಲ್ಲಿ ಈಟಿವಿ ಕನ್ನಡ, ಆಮೇಲೆ ಒಂದೊಂದಾಗಿ ಉಳಿದವು. ದಿನವಹಿ ಧಾರಾವಾಹಿಗಳು ಬಂದವು. ಕಾರ್ಖಾನೆಯಿಂದ ಸ್ವಯಂನಿವೃತ್ತಿ ತೆಗೆದುಕೊಂಡು ನಾನು ಪೂರ್ತಿಯಾಗಿ ಈ ಕಡೆಗೆ ಬಂದದ್ದು ಆ ಸಮಯದಲ್ಲೇ. ಧಾರಾವಾಹಿ ಇಲ್ಲದಿದ್ದರೆ ನನ್ನ ಮಕ್ಕಳ ಓದು ಮುಗಿಯುತ್ತಿರಲಿಲ್ಲ. ಅದನ್ನು ಕೀಳಾಗಿ ಮಾತಾಡುವ ರಂಗಭೂಮಿಯ ಗೆಳೆಯರೊಂದಿಗೆ ನಾನು ಜಗಳವನ್ನೇ ಆಡಿದ್ದೇನೆ.

ಕೆಲಸದ ರೀತಿ ಮಾತ್ರ ಪೂರ್ತಿ ಬೇರೆ. ರಾಜರಾಜೇಶ್ವರಿ ನಗರದ ಕಡೆ ಬಾಡಿಗೆಗೆ ಹಿಡಿದ ಒಂದು ದೊಡ್ಡ ಮನೆ. ಅಲ್ಲೇ ಹಾಲ್, ಅಲ್ಲೇ ದೇವರ ಮನೆ, ಮಹಡಿ ಮೇಲೆ ಮಗ ಸೊಸೆಯ ಕೋಣೆ. ಬೆಳಗ್ಗೆ ಒಂಬತ್ತರಿಂದ ರಾತ್ರಿ ಒಂಬತ್ತು. ಒಂದು ಕಂತಿಗೆ ಇಪ್ಪತ್ತು, ಇಪ್ಪತ್ತೆರಡು ನಿಮಿಷದ ಸರಕು ಬೇಕು, ಹೆಚ್ಚುಕಮ್ಮಿ ಅದನ್ನು ದಿನವೂ ತುಂಬಿಸಬೇಕು. ಸೀನ್ ಪೇಪರ್ ಅವತ್ತೇ ಬೆಳಗ್ಗೆ ವಾಟ್ಸಾಪ್‌ನಲ್ಲಿ ಬರುತ್ತದೆ. ಒಮ್ಮೊಮ್ಮೆ ಮೇಕಪ್ ಹಾಕಿಸಿಕೊಳ್ಳುವಾಗಲೂ ಬಂದಿರುವುದಿಲ್ಲ. ಹಾಲಿನಲ್ಲಿ ನಡೆಯುವ ದೃಶ್ಯಗಳನ್ನೆಲ್ಲ ಒಟ್ಟಿಗೆ ತೆಗೆಯುವುದರಿಂದ, ಬೆಳಗ್ಗೆ ಮಗಳು ಓಡಿಹೋದ ದುಃಖ, ಮಧ್ಯಾಹ್ನ ಅವಳ ನಿಶ್ಚಿತಾರ್ಥದ ಸಂಭ್ರಮ. ಯಾವ ಅಂಗಿ, ಯಾವ ಶಲ್ಯ, ಹಣೆಯಲ್ಲಿ ಕುಂಕುಮ ಇತ್ತೋ ವಿಭೂತಿ ಇತ್ತೋ ಅಂತ ಕಂಟಿನ್ಯುಟಿ ನೋಡುವ ಹುಡುಗಿ ಫೋನಿನಲ್ಲಿ ಫೋಟೊ ಹಿಡಿದು ಓಡಿಬರುತ್ತಾಳೆ. ಪ್ರಾಂಪ್ಟಿಂಗ್ ಎಲ್ಲರಿಗೂ ಇರುತ್ತದೆ. ನಾನು ಮಾತ್ರ ಹತ್ತು ನಿಮಿಷ ಕೊಡಿ ಎಂದು ಕೇಳಿ, ಬಾಯಿಪಾಠ ಮಾಡಿಕೊಂಡೇ ನಿಲ್ಲುತ್ತೇನೆ. ಕಿವಿಗೆ ಬೀಳುವ ಮಾತನ್ನು ಹಿಡಿದು ಹೇಳುವಾಗ ಕಣ್ಣು ಖಾಲಿಯಾಗುತ್ತದೆ, ಅದು ಕ್ಯಾಮೆರಾಗೆ ಕಾಣುತ್ತದೆ.

ಇಲ್ಲೂ ನನ್ನ ಪದ್ಧತಿ ಬಿಡಲಿಲ್ಲ. ಒಂದು ಧಾರಾವಾಹಿಯ ಅಪ್ಪನನ್ನು ತಾಲ್ಲೂಕು ಕಚೇರಿಯ ಗುಮಾಸ್ತ ಅಂದುಕೊಂಡೆ. ಸೊಸೆ ಕೊಟ್ಟ ಕಾಗದ ಏನೇ ಇರಲಿ, ಮದುವೆ ಕರೆಯೋಲೆಯಾದರೂ ಸರಿ, ಅವನು ಮೊದಲು ಹಿಂಬದಿ ತಿರುಗಿಸಿ ನೋಡಿ, ಆಮೇಲೆ ಕೊನೇ ಸಾಲು ಓದಿ, ಆಮೇಲೆ ಮೊದಲಿಂದ ಓದುತ್ತಾನೆ. ವರ್ಷಗಟ್ಟಲೆ ಹಾಗೆ ಮಾಡಿದೆ. ಬರೆಯುವ ಹುಡುಗ ಅದನ್ನು ಗಮನಿಸಿ, ಆಸ್ತಿ ಪತ್ರದ ಮೋಸವನ್ನು ಅಪ್ಪನೇ ಕಂಡುಹಿಡಿಯುವ ಹಾಗೆ ಒಂದು ಟ್ರ್ಯಾಕ್ ಬರೆದ. ಎರಡು ವಾರ ಕತೆ ನನ್ನ ಸುತ್ತ ನಡೆಯಿತು.

ಅದೇ ಅಪ್ಪ ಸತ್ತದ್ದು ನನಗೆ ಗೊತ್ತಾದ ರೀತಿ ನಮ್ಮ ವೃತ್ತಿಯವರಿಗೆಲ್ಲ ಪರಿಚಿತ. ಪ್ರೊಡಕ್ಷನ್ ಮ್ಯಾನೇಜರ್ ಫೋನ್ ಮಾಡಿ, “ಸಾರ್, ನಗುಮುಖದ್ದು ಒಂದು ಒಳ್ಳೆ ಫೋಟೊ ಇದ್ರೆ ಕಳಿಸಿ” ಅಂದರು. ಅರ್ಥವಾಯಿತು. ಟಿಆರ್‌ಪಿ ಇಳಿದಿತ್ತು, ಮನೆಯಲ್ಲೊಂದು ಸಾವು ಬೇಕಿತ್ತು. ಫೋಟೊ ಕಳಿಸಿದೆ, ಅದಕ್ಕೆ ಗಂಧದ ಹಾರ ಬಿತ್ತು. ನನ್ನ ಹೆಂಡತಿ ಆ ಧಾರಾವಾಹಿ ನೋಡುವುದನ್ನು ಅವತ್ತೇ ನಿಲ್ಲಿಸಿದಳು. ಊರಿಂದ ನಮ್ಮ ದೊಡ್ಡಮ್ಮ ಫೋನ್ ಮಾಡಿ, ನನ್ನ ದನಿ ಕೇಳಿದ ಮೇಲೆ ಏನೂ ಹೇಳದೆ ಅತ್ತರು. ಸಾಯುವ ದೃಶ್ಯ ಇಟ್ಟಿದ್ದರೆ ಚೆನ್ನಾಗಿತ್ತು ಅನ್ನುವುದು ನನ್ನ ಒಂದೇ ಆಸೆಯಾಗಿತ್ತು. ಅಷ್ಟು ವರ್ಷ ಬದುಕಿದ ಮನುಷ್ಯನಿಗೆ ಕೊನೆಯ ಮಾತೊಂದು ಸಿಗಬೇಕು. ಅಪಘಾತ ಅಂತ ಫೋನಿನಲ್ಲಿ ಸುದ್ದಿ ಬಂದಂತೆ ತೋರಿಸಿ ಮುಗಿಸಿದರು.

ದುಡ್ಡಿನ ವಿಷಯ ಚಿಕ್ಕದಾಗಿ ಹೇಳುತ್ತೇನೆ. ನಮಗೆ ದಿನದ ಲೆಕ್ಕ. ಸಿನಿಮಾದಲ್ಲಿ ಅಡ್ವಾನ್ಸ್ ಸಿಕ್ಕಷ್ಟೇ ಗಟ್ಟಿ, ಧಾರಾವಾಹಿಯಲ್ಲಿ ಪೇಮೆಂಟ್ ತಿಂಗಳು ಎರಡು ತಿಂಗಳು ಕಳೆದು ಬರುತ್ತದೆ. ಪಿಎಫ್ ಇಲ್ಲ, ಗ್ರಾಚ್ಯುಟಿ ಇಲ್ಲ. ಬಾಟಾ ಅಂದರೆ ದಿನಭತ್ಯೆ ಕೊಡದ, ಕೊನೆಯ ದಿನಗಳ ಬಾಕಿ ತೀರಿಸದ ಕಂಪನಿಗಳನ್ನೂ ಕಂಡಿದ್ದೇನೆ. ಕಷ್ಟದಲ್ಲಿರುವ ಹಿರಿಯ ಕಲಾವಿದರಿಗೆ ಕನ್ನಡ ಮತ್ತು ಸಂಸ್ಕೃತಿ ಇಲಾಖೆಯ ಮಾಸಾಶನ ಇದೆ. ಅರ್ಜಿ ಹಾಕಲು ಸಂಕೋಚಪಡುವ ಗೆಳೆಯರಿಗೆ ನಾನೇ ಕೂತು ತುಂಬಿಕೊಟ್ಟಿದ್ದೇನೆ. ಅದು ಭಿಕ್ಷೆ ಅಲ್ಲ. ಅಭಿನಯಿಸಿದ ನಾಟಕ, ಚಿತ್ರಗಳ ದಾಖಲೆ ಕೇಳುತ್ತಾರೆ, ಆದ್ದರಿಂದ ಕರಪತ್ರ, ಫೋಟೊ, ಪತ್ರಿಕೆಯ ತುಣುಕು ಯಾವುದನ್ನೂ ಎಸೆಯಬೇಡಿ.

2020ರ ಮಾರ್ಚ್‌ನಲ್ಲಿ ಚಿತ್ರೀಕರಣ ನಿಂತಿತು. ಮತ್ತೆ ಶುರುವಾದಾಗ ವಯಸ್ಸಾದವರನ್ನು ಸೆಟ್ಟಿಗೆ ಕರೆಯಲು ಎಲ್ಲರೂ ಹೆದರಿದರು. ನಮ್ಮ ಧಾರಾವಾಹಿಯ ತಾತ ಕಾಶಿಗೆ ಹೋದ. ಕಾಶಿಯಿಂದ ವಿಡಿಯೊ ಕಾಲ್ ಮಾಡುವ ಒಂದೆರಡು ದೃಶ್ಯಗಳನ್ನು ನಮ್ಮ ಮನೆಯ ದೇವರ ಕೋಣೆಯ ಮುಂದೆಯೇ ತೆಗೆದೆವು, ಫೋನ್ ಹಿಡಿದವಳು ನನ್ನ ಹೆಂಡತಿ. ಅವಳಿಗೆ ಎಷ್ಟೋ ವರ್ಷ ನಾನು ಏನು ಕೆಲಸ ಮಾಡುತ್ತೇನೆ ಅನ್ನುವುದು ತೆರೆಯ ಮೇಲೆ ಮಾತ್ರ ಗೊತ್ತಿತ್ತು. ಒಂದೇ ಮಾತನ್ನು ನಾನು ಆರು ಥರ ಹೇಳಿದ್ದನ್ನು ಕೇಳಿ, “ಎರಡನೇದು ಚೆನ್ನಾಗಿತ್ತು ರೀ, ಅದನ್ನೇ ಕಳಿಸಿ” ಅಂದಳು. ಅವಳು ಹೇಳಿದ್ದು ಸರಿ.

ಈಗ ಬಿಳಿ ಬಳಿಯುವ ಅಗತ್ಯವಿಲ್ಲ, ಮೀಸೆ ನನ್ನದೇ. ಆಡಿಷನ್‌ಗೆ ಫೋನಿನಲ್ಲಿ ವಿಡಿಯೊ ಮಾಡಿ ಕಳಿಸಿ ಅನ್ನುತ್ತಾರೆ. ಸ್ಥಳದಲ್ಲೇ ಧ್ವನಿ ಹಿಡಿಯುವ ಚಿತ್ರಗಳು ಬರುತ್ತಿವೆ. ಆ ಕಾಲದಲ್ಲಿ ಇದು ಇದ್ದಿದ್ದರೆ ನನ್ನ ನೇಕಾರ ಅವನ ದನಿಯಲ್ಲೇ ಉಳಿಯುತ್ತಿದ್ದ. ಹುಡುಗರ ಒಂದು ತಂಡ ಹೋದ ವಾರ ಬಂದು ಹೊಸ ಚಿತ್ರವೊಂದಕ್ಕೆ ತಾತನ ಪಾತ್ರ ಹೇಳಿತು. ನಾಲ್ಕು ದೃಶ್ಯ. ಸ್ಥಳದಲ್ಲೇ ಧ್ವನಿ. ತಾತ ಏನು ಕೆಲಸ ಮಾಡಿದ್ದ ಅಂತ ಕೇಳಿದೆ. ಡೈರೆಕ್ಟರ್ ಹುಡುಗ ತಲೆ ಕೆರೆದುಕೊಂಡು, “ಅದು ಬರ್ದಿಲ್ಲ ಸಾರ್, ಸುಮ್ನೆ ತಾತ” ಅಂದ. ಒಂದು ದೃಶ್ಯದಲ್ಲಿ ಮಳೆ ಬಂದು ಕರೆಂಟ್ ಹೋಗುತ್ತದೆ. ಹಾಗಾದರೆ ಈ ತಾತ ಕೆಇಬಿಯಲ್ಲಿ ಲೈನ್‌ಮನ್ ಆಗಿದ್ದವನು, ಎಲ್ಲರೂ ಸ್ವಿಚ್ ಕಡೆ ನೋಡಿದರೆ ಅವನು ಕಿಟಕಿಗೆ ಹೋಗಿ ಕಂಬದ ಕಡೆ ನೋಡುತ್ತಾನೆ ಅಂದೆ. ಹುಡುಗ ನೋಟ್‌ಬುಕ್ ತೆಗೆದು ಬರೆದುಕೊಂಡ. ನಮ್ಮ ಬೀದಿಯಲ್ಲಿ ರಿಟೈರ್ ಆದ ಲೈನ್‌ಮನ್ ಒಬ್ಬರಿದ್ದಾರೆ. ನಾಳೆ ಬೆಳಗ್ಗೆ ವಾಕಿಂಗ್ ಮುಗಿಸಿ ಅವರ ಮನೆಗೆ ಹೋಗಬೇಕು. ಕಟಿಂಗ್ ಪ್ಲೇಯರನ್ನು ಯಾವ ಜೇಬಿನಲ್ಲಿ ಇಟ್ಟುಕೊಳ್ಳುತ್ತಿದ್ದರು, ಕಂಬ ಹತ್ತುವಾಗ ಮೊದಲು ಯಾವ ಕಾಲು ಇಡುತ್ತಿದ್ದರು, ರಾತ್ರಿ ಮಳೆಯಲ್ಲಿ ಫೋನ್ ಬಂದರೆ ಮನೆಯವರು ಏನು ಅನ್ನುತ್ತಿದ್ದರು, ಇಷ್ಟನ್ನು ಕೇಳಬೇಕು. ಶೂಟಿಂಗ್ ಸೋಮವಾರ.